ಕ್ಯಾಮೆರಾ ಇಲ್ಲದೆ ಸಿನಿಮಾ ಮಾಡಿದ ಲೆನ್ ಲೈ: ಪದೇ ಪದೇ ಕೇಳುವ ಪ್ರಶ್ನೆಗಳು

ಲೆನ್ ಲೈ ಅವರ ಪುಟ್ಟ ಚಿತ್ರಗಳನ್ನು ಯಾರಿಗೆ ತೋರಿಸಿದರೂ ಪ್ರಶ್ನೆಗಳ ಸುರಿಮಳೆ ಆಗುತ್ತದೆ. ಉತ್ತರಗಳು ಒಂದೇ ಕಡೆ ಇರಲಿ ಎಂದು ಇದನ್ನು ಬರೆದಿದ್ದೇನೆ. ಅವರ ಹೆಸರಾಂತ ಚಿತ್ರಗಳಲ್ಲಿ ಹೆಚ್ಚಿನವು ಕೆಲವೇ ನಿಮಿಷದವು. ಹಾಗಾಗಿ ಮೊದಲು ಒಂದೆರಡು ನೋಡಿ, ಆಮೇಲೆ ಇದನ್ನು ಓದಿದರೆ ಇನ್ನೂ ಒಳ್ಳೆಯದು.

ಲೆನ್ ಲೈ ಯಾರು?

1901ರ ಜುಲೈ 5ರಂದು ನ್ಯೂಜಿಲೆಂಡ್‌ನ ಕ್ರೈಸ್ಟ್‌ಚರ್ಚ್‌ನಲ್ಲಿ ಹುಟ್ಟಿದ ಕಲಾವಿದ. ಚಿತ್ರ ಬರೆದರು, ಸಿನಿಮಾ ಮಾಡಿದರು, ಕವಿತೆ ಬರೆದರು, ಉಕ್ಕಿನಲ್ಲಿ ಕುಣಿಯುವ ಶಿಲ್ಪಗಳನ್ನು ಕಟ್ಟಿದರು. ತಂದೆ ಬೇಗ ತೀರಿಕೊಂಡರು. ಮನೆಯಲ್ಲಿ ದುಡ್ಡಿಗೆ ಕಷ್ಟ. ಬಾಲ್ಯದ ಸ್ವಲ್ಪ ಕಾಲವನ್ನು ಕೇಪ್ ಕ್ಯಾಂಬೆಲ್ ಎಂಬ ಕಡಲಂಚಿನ ದೀಪಸ್ತಂಭದಲ್ಲಿ ಕಳೆದರು. ಅವರ ಮಲತಂದೆ ಅಲ್ಲಿ ಕೆಲಸಕ್ಕಿದ್ದರು. ರಾತ್ರಿಯಿಡೀ ತಿರುಗುವ ಬೆಳಕು, ಹಗಲಿಡೀ ಗಾಳಿ, ಅಲೆ. ಮುಂದೆ ಅವರು ಮಾಡಿದ ಕೆಲಸ ನೋಡಿದರೆ ಆ ಜಾಗದ ಋಣ ಎಷ್ಟು ದೊಡ್ಡದು ಅನ್ನಿಸುತ್ತದೆ.

1920ರ ದಶಕದ ಮೊದಲಲ್ಲಿ ಸಿಡ್ನಿಗೆ ಹೋದರು, ಸ್ವಲ್ಪ ಕಾಲ ಸಮೋವಾ ದ್ವೀಪದಲ್ಲಿದ್ದರು. 1926ರಲ್ಲಿ ಹಡಗಿನಲ್ಲಿ ಕಲ್ಲಿದ್ದಲು ಹೊರುವ ಕೆಲಸ ಹಿಡಿದು ಲಂಡನ್ ಸೇರಿದರು. 1944ರಲ್ಲಿ ನ್ಯೂಯಾರ್ಕ್‌ಗೆ ಹೋಗಿ ಅಲ್ಲೇ ನೆಲೆ ನಿಂತರು. ತೀರಿಕೊಂಡಿದ್ದು 1980ರ ಮೇ 15ರಂದು.

ಕ್ಯಾಮೆರಾ ಇಲ್ಲದೆ ಸಿನಿಮಾ ಅಂದರೆ ಏನು?

ಸಿನಿಮಾ ರೀಲು ಅಂದರೆ ಪಾರದರ್ಶಕವಾದ ಉದ್ದನೆಯ ಪಟ್ಟಿ. ಪ್ರೊಜೆಕ್ಟರ್ ಅದನ್ನು ಸೆಕೆಂಡಿಗೆ 24 ಫ್ರೇಮಿನಂತೆ (ಫ್ರೇಮು ಅಂದರೆ ಪಟ್ಟಿಯ ಮೇಲಿನ ಒಂದು ಪುಟ್ಟ ಚಿತ್ರ) ಎಳೆಯುತ್ತದೆ, ಹಿಂದಿನಿಂದ ಬೆಳಕು ಹಾಯಿಸುತ್ತದೆ. ಆ ಪಟ್ಟಿಯ ಮೇಲೆ ಇರುವುದನ್ನು ಕ್ಯಾಮೆರಾ ಹಿಡಿದಿದೆಯೋ ಕೈ ಬರೆದಿದೆಯೋ ಎನ್ನುವುದು ಪ್ರೊಜೆಕ್ಟರ್‌ಗೆ ಬೇಕಿಲ್ಲ. ಹಾಗಾದರೆ ನೇರವಾಗಿ ಪಟ್ಟಿಯ ಮೇಲೇ ಯಾಕೆ ಬಣ್ಣ ಬಳಿಯಬಾರದು? ಲೈ ಮಾಡಿದ್ದು ಅದನ್ನೇ.

ಇದರ ಹಿಂದೆ ಸರಳವಾದ ಕಾರಣವೂ ಇತ್ತು. ಕ್ಯಾಮೆರಾ, ಸ್ಟುಡಿಯೊ, ನಟರು ಎಲ್ಲಕ್ಕೂ ದುಡ್ಡು ಬೇಕು. ಲೈ ಅವರ ಮೊದಲ ಚಿತ್ರ 'ಟುಸಲಾವ'. ಅದನ್ನು ಸಾವಿರಾರು ಚಿತ್ರ ಬರೆದು, ಒಂದೊಂದನ್ನೂ ಕ್ಯಾಮೆರಾದಲ್ಲಿ ಹಿಡಿದು ಮಾಡಿದ್ದರು. ಸುಮಾರು ಎರಡು ವರ್ಷ ಹಿಡಿಯಿತು. 1929ರಲ್ಲಿ ಲಂಡನ್ ಫಿಲ್ಮ್ ಸೊಸೈಟಿ ಅದನ್ನು ತೋರಿಸಿತು. ಮುಂದಿನ ಚಿತ್ರಕ್ಕೆ ಹಣ ಹೊಂದಿಸುವುದು ಕಷ್ಟವಾಯಿತು. ಖಾಲಿ ಫಿಲ್ಮ್ ಮಾತ್ರ ಅಷ್ಟಿಷ್ಟು ಸಿಗುತ್ತಿತ್ತು. ಅದರ ಮೇಲೇ ಬರೆಯಲು ಕುಳಿತರು.

ಬಣ್ಣ ಬಳಿದು ಅದರ ಮೇಲೆ ಬಾಚಣಿಗೆ ಎಳೆದರು. ಅಚ್ಚುಗಳನ್ನಿಟ್ಟು ಬಣ್ಣ ಸಿಂಪಡಿಸಿದರು. ಒಂದೊಂದು ಫ್ರೇಮಿಗೆ ಒಂದೊಂದು ಚಿತ್ರ ಬರೆಯುವ ಬದಲು ಫಿಲ್ಮಿನ ಉದ್ದಕ್ಕೂ ಗೆರೆ ಎಳೆದರು. ಕೈಯಿಂದ ಎಳೆದ ಗೆರೆ ಎಲ್ಲೂ ಪೂರ್ತಿ ನೇರವಾಗಿರುವುದಿಲ್ಲ, ಅಲ್ವಾ? ಆ ಸಣ್ಣ ಅಂಕುಡೊಂಕು ಪರದೆಯ ಮೇಲೆ ಹತ್ತಾರು ಅಡಿ ದೊಡ್ಡದಾಗಿ, ಜೀವ ಬಂದಂತೆ ನಡುಗುತ್ತದೆ.

35 ಮಿಲಿಮೀಟರ್ ಫಿಲ್ಮಿನಲ್ಲಿ ಒಂದು ಫ್ರೇಮಿನ ಅಗಲ ಸುಮಾರು 22 ಮಿಲಿಮೀಟರ್, ಎತ್ತರ 16. ಒಂದು ಅಡಿಗೆ 16 ಫ್ರೇಮು. ಒಂದು ನಿಮಿಷದ ಸಿನಿಮಾಕ್ಕೆ 1,440 ಫ್ರೇಮು, ಅಂದರೆ 90 ಅಡಿ ಫಿಲ್ಮು. ಇಷ್ಟು ಪುಟ್ಟ ಜಾಗದಲ್ಲಿ ಕೈ ಮಾಡುವ ಕೆಲಸ ಪರದೆಯ ಮೇಲೆ ಹೇಗೆ ಓಡುತ್ತದೆ ಎಂದು ಮೊದಲೇ ಊಹಿಸಿಕೊಳ್ಳಬೇಕು. ಲೈ ಅವರ ನಿಜವಾದ ಪ್ರತಿಭೆ ಇರುವುದು ಈ ಊಹೆಯಲ್ಲಿ.

ಮುಂದೆ ಇನ್ನೊಂದು ದಾರಿಯನ್ನೂ ಹಿಡಿದರು. 1950ರ ದಶಕದ ಮೊದಲಲ್ಲಿ ಮಾಡಿದ 'ಕಲರ್ ಕ್ರೈ'ಗೆ ಕತ್ತಲ ಕೋಣೆಯಲ್ಲಿ ಫಿಲ್ಮ್ ಹಾಸಿ, ಅದರ ಮೇಲೆ ದಾರ, ಬಟ್ಟೆ, ಅಚ್ಚು ಇಟ್ಟು ಬಣ್ಣದ ಬೆಳಕು ಬಿಟ್ಟರು. ವಸ್ತುಗಳ ನೆರಳೇ ಚಿತ್ರವಾಯಿತು.

ಹೀಗೆ ಮಾಡಿದವರಲ್ಲಿ ಅವರೇ ಮೊದಲಿಗರಾ?

ಅಲ್ಲ. ಇಟಲಿಯಲ್ಲಿ ಜಿನ್ನಾ ಮತ್ತು ಕೊರ್ರಾ ಎಂಬ ಸಹೋದರರು 1910ರ ಆಸುಪಾಸಿನಲ್ಲೇ ಫಿಲ್ಮಿನ ಮೇಲೆ ಬಣ್ಣ ಬಳಿದಿದ್ದರು. ಆ ಚಿತ್ರಗಳು ಉಳಿದಿಲ್ಲ. ಅಮೆರಿಕದ ಕಲಾವಿದ ಮ್ಯಾನ್ ರೇ 1923ರಲ್ಲಿ ಫಿಲ್ಮಿನ ಮೇಲೆ ಮೊಳೆ, ಪಿನ್ನು ಇಟ್ಟು ಬೆಳಕು ಬಿಟ್ಟಿದ್ದರು. ಆದರೆ ಈ ವಿಧಾನವನ್ನು ಮಾಮೂಲಿ ಟಾಕೀಸಿನ ಮಾಮೂಲಿ ಪ್ರೇಕ್ಷಕರ ಮುಂದೆ ತಂದು ನಿಲ್ಲಿಸಿದ್ದು ಲೈ. ಕೆನಡಾದಲ್ಲಿ ಹೆಸರು ಮಾಡಿದ ನಾರ್ಮನ್ ಮೆಕ್‌ಲಾರೆನ್ ಕೂಡ ವಿದ್ಯಾರ್ಥಿಯಾಗಿದ್ದಾಗ ತಾವಾಗಿಯೇ ಫಿಲ್ಮಿನ ಮೇಲೆ ಬರೆಯಲು ಯತ್ನಿಸಿದ್ದರು. ಲೈ ಅವರ ಚಿತ್ರ ನೋಡಿದ ಮೇಲೆ ಅವರಿಗೆ ದಾರಿ ಸ್ಪಷ್ಟವಾಯಿತು.

ಬ್ರಿಟನ್ನಿನ ಅಂಚೆ ಇಲಾಖೆ ಇಂಥ ಚಿತ್ರಕ್ಕೆ ಹಣ ಕೊಟ್ಟಿದ್ದು ನಿಜವೇ?

ನಿಜ. ಬ್ರಿಟನ್ನಿನ ಜನರಲ್ ಪೋಸ್ಟ್ ಆಫೀಸ್ 1933ರಿಂದ ತನ್ನದೇ ಒಂದು ಸಿನಿಮಾ ವಿಭಾಗ ನಡೆಸುತ್ತಿತ್ತು. ಜಿಪಿಒ ಫಿಲ್ಮ್ ಯೂನಿಟ್ ಎಂದು ಹೆಸರು. ಅದರ ಮುಖ್ಯಸ್ಥ ಜಾನ್ ಗ್ರಿಯರ್‌ಸನ್ ಸಾಕ್ಷ್ಯಚಿತ್ರ ಚಳವಳಿಯ ದೊಡ್ಡ ಹೆಸರು. ಲೈ ಬಣ್ಣ ಬಳಿದ ಒಂದು ತುಂಡು ಫಿಲ್ಮನ್ನು ಅಲ್ಲಿಗೆ ಒಯ್ದು ತೋರಿಸಿದರು. ಗ್ರಿಯರ್‌ಸನ್ ಒಪ್ಪಿದರು. ಒಂದೇ ಷರತ್ತು: ಅಂಚೆ ಇಲಾಖೆಯ ಸುದ್ದಿ ಅದರಲ್ಲಿ ಇರಬೇಕು.

ಹಾಗೆ ಹುಟ್ಟಿದ್ದು 1935ರ 'ಎ ಕಲರ್ ಬಾಕ್ಸ್'. ಸುಮಾರು ನಾಲ್ಕು ನಿಮಿಷದ ಬಣ್ಣದ ಕುಣಿತ. ಕೊನೆಯಲ್ಲಿ ಪಾರ್ಸೆಲ್ ದರ ಇಳಿದಿದೆ ಎಂಬ ಅಕ್ಷರಗಳು ಅದೇ ಕುಣಿತದ ಒಳಗೆ ಬಂದು ಹೋಗುತ್ತವೆ. ಅಷ್ಟೇ ಜಾಹೀರಾತು. ಅದೇ ವರ್ಷ ಬ್ರಸೆಲ್ಸ್ ಚಿತ್ರೋತ್ಸವಕ್ಕೆ ಹೋದಾಗ ತೀರ್ಪುಗಾರರಿಗೆ ಇದನ್ನು ಯಾವ ವಿಭಾಗಕ್ಕೆ ಸೇರಿಸುವುದು ಎಂದೇ ತಿಳಿಯಲಿಲ್ಲ. ಕೊನೆಗೆ ಅದಕ್ಕೆಂದೇ ಒಂದು ಹೊಸ ವಿಭಾಗ ಮಾಡಿ ಪದಕ ಕೊಟ್ಟರು.

ನಮ್ಮಲ್ಲಿ ಪಿಕ್ಚರ್ ಶುರುವಾಗುವ ಮುಂಚೆ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್ನಿನ ಕಿರುಚಿತ್ರ ಹಾಕುತ್ತಿದ್ದದ್ದು ಹಿರಿಯರಿಗೆ ನೆನಪಿರಬಹುದು. ಬ್ರಿಟನ್ನಿನಲ್ಲೂ ಹೀಗೆಯೇ ಮುಖ್ಯ ಚಿತ್ರದ ಮುಂಚೆ ಲೈ ಅವರ ಚಿತ್ರ ಬರುತ್ತಿತ್ತು. ಕೆಲವರು ಚಪ್ಪಾಳೆ ತಟ್ಟಿದರು, ಕೆಲವರು ಕೂಗಾಡಿದರು. ಟಿಕೆಟ್ ತಗೊಂಡು ಬೇರೆ ಯಾವುದೋ ಸಿನಿಮಾ ನೋಡಲು ಬಂದವರ ಎದುರು ಒಂದು ಪ್ರಯೋಗ ಬಂದು ನಿಲ್ಲುವುದು ಎಷ್ಟು ದೊಡ್ಡ ವಿಷಯ! ಇವತ್ತು ಇಂಥ ಚಿತ್ರಗಳು ಗ್ಯಾಲರಿ, ಚಿತ್ರೋತ್ಸವ ಬಿಟ್ಟು ಹೊರಗೆ ಬರುವುದೇ ಇಲ್ಲ. ಅದು ನನಗೆ ನಷ್ಟ ಅಂತಲೇ ಅನ್ನಿಸುತ್ತದೆ.

ಜಾಹೀರಾತು ಮಾಡಿಕೊಟ್ಟವರನ್ನು ಸ್ವತಂತ್ರ ನಿರ್ದೇಶಕ ಎನ್ನಬಹುದೇ?

ಎನ್ನಬಹುದು. ಅಂಚೆ ಇಲಾಖೆ ಮಾತ್ರವಲ್ಲ, ಸಿಗರೇಟು ಕಂಪನಿ, ಶೆಲ್ ತೈಲ ಕಂಪನಿ, ಇಂಪೀರಿಯಲ್ ಏರ್‌ವೇಸ್ ಕೂಡ ಅವರಿಗೆ ಹಣ ಕೊಟ್ಟಿವೆ. ಆದರೆ ಆ ಚಿತ್ರಗಳಲ್ಲಿ ಸರಕಿನ ಮಾತು ಕೆಲವೇ ಸೆಕೆಂಡು. ಉಳಿದದ್ದೆಲ್ಲ ಲೈ ತಮಗೆ ಬೇಕಾದ ಪ್ರಯೋಗಕ್ಕೆ ಬಳಸಿಕೊಂಡರು. 1936ರ 'ರೇನ್‌ಬೋ ಡ್ಯಾನ್ಸ್' ಅಂಚೆ ಉಳಿತಾಯ ಖಾತೆಯ ಜಾಹೀರಾತು. ನರ್ತಕನನ್ನು ಕಪ್ಪು ಬಿಳುಪಿನಲ್ಲಿ ಚಿತ್ರೀಕರಿಸಿ, ಪ್ರಿಂಟ್ ಹಾಕುವಾಗ ಬಣ್ಣ ತುಂಬಿದರು. ಮನುಷ್ಯ ಓಡಿದ ಮೇಲೂ ಅವನ ಬಣ್ಣದ ಛಾಯೆಗಳು ಹಿಂದೆಯೇ ನಿಂತಿರುತ್ತವೆ. 1937ರ 'ಟ್ರೇಡ್ ಟಾಟೂ'ಗೆ ಜಿಪಿಒ ಸಾಕ್ಷ್ಯಚಿತ್ರಗಳಲ್ಲಿ ಉಳಿದ ತುಣುಕುಗಳನ್ನೇ ತೆಗೆದುಕೊಂಡರು. ಕಾರ್ಖಾನೆ, ಬಂದರು, ಅಂಚೆ ವಿಂಗಡಣೆ, ಎಲ್ಲ ಕಪ್ಪು ಬಿಳುಪು ದೃಶ್ಯಗಳು. ಅವಕ್ಕೆ ಟೆಕ್ನಿಕಲರ್ ಎಂಬ ಬಣ್ಣದ ಫಿಲ್ಮ್ ವಿಧಾನದಲ್ಲಿ ಬಣ್ಣ ಕೊಟ್ಟು, ಮೇಲೆ ಚುಕ್ಕಿ ಗೆರೆ ಓಡಿಸಿ, ದುಡಿಮೆಯ ಇಡೀ ದಿನವನ್ನು ಒಂದು ತಾಳಕ್ಕೆ ತಂದರು.

ಅಮೆರಿಕದಲ್ಲಿ ಇಷ್ಟು ಅದೃಷ್ಟ ಇರಲಿಲ್ಲ. 1957ರಲ್ಲಿ ಕ್ರೈಸ್ಲರ್ ಕಾರು ಕಂಪನಿಗೆ 'ರಿದಮ್' ಎಂಬ ಒಂದು ನಿಮಿಷದ ಚಿತ್ರ ಮಾಡಿದರು. ಕಾರು ಜೋಡಿಸುವ ಕೆಲಸವನ್ನು ತುಂಡು ತುಂಡಾಗಿ ಕತ್ತರಿಸಿ, ಆಫ್ರಿಕಾದ ಡೋಲಿನ ಪೆಟ್ಟಿಗೆ ಹೊಂದಿಸಿದ ಚಿತ್ರ ಅದು. ಕಂಪನಿಗೆ ಹಿಡಿಸಲಿಲ್ಲ. ನ್ಯೂಯಾರ್ಕಿನ ಜಾಹೀರಾತು ಸ್ಪರ್ಧೆಯಲ್ಲಿ ಮೊದಲ ಬಹುಮಾನಕ್ಕೆ ಆಯ್ಕೆಯಾಯಿತು. ಆದರೆ ಟಿವಿಯಲ್ಲಿ ಪ್ರಸಾರವೇ ಆಗಿಲ್ಲ ಎಂಬ ಕಾರಣಕ್ಕೆ ಬಹುಮಾನ ಕೈತಪ್ಪಿತು.

ಕಥೆ ಇಲ್ಲ, ಪಾತ್ರ ಇಲ್ಲ. ಇದನ್ನು ಹೇಗೆ ನೋಡಬೇಕು?

ಅರ್ಥ ಹುಡುಕದೆ ನೋಡಿ. ಇದು ತಪ್ಪಿಸಿಕೊಳ್ಳುವ ಉತ್ತರ ಅಲ್ಲ, ಲೈ ಅವರ ಇಡೀ ಬದುಕಿನ ವಾದವೇ ಇದು.

ಹದಿಹರೆಯದಲ್ಲಿ ಅವರಿಗೆ ಒಂದು ಯೋಚನೆ ಬಂತು. ಇಂಗ್ಲೆಂಡಿನ ಚಿತ್ರಕಾರ ಕಾನ್‌ಸ್ಟೇಬಲ್ ಮೋಡಗಳ ಓಟವನ್ನು ಕ್ಯಾನ್ವಾಸಿನ ಮೇಲೆ ಹಿಡಿಯಲು ಯತ್ನಿಸಿದ್ದರು. ಆದರೆ ಕ್ಯಾನ್ವಾಸಿನ ಮೇಲಿನ ಮೋಡ ನಿಂತೇ ಇರುತ್ತದೆ. ಸಂಗೀತಗಾರ ಸ್ವರಗಳನ್ನು ಜೋಡಿಸುವ ಹಾಗೆ ಚಲನೆಯನ್ನೇ ಯಾಕೆ ಜೋಡಿಸಬಾರದು? ಅಲ್ಲಿಂದ ಮುಂದೆ ಸುಮಾರು ಅರವತ್ತು ವರ್ಷ ಅವರು ಮಾಡಿದ್ದು ಇದೊಂದೇ ಕೆಲಸ.

ಡೊಳ್ಳು ಕುಣಿತ ನೋಡುವಾಗ ನಮ್ಮ ಕಾಲು ತಾನಾಗಿ ತಾಳ ಹಾಕುತ್ತದೆ. ಡೊಳ್ಳಿನ ಪೆಟ್ಟಿನ ಅರ್ಥವೇನು ಎಂದು ಯಾರೂ ಕೇಳುವುದಿಲ್ಲ. ಲೈ ತಮ್ಮ ಚಿತ್ರವೂ ಹಾಗೇ ಮೊದಲು ಮೈಗೆ ತಾಗಬೇಕು ಎಂದು ಬಯಸಿದರು. ಪರದೆಯ ಮೇಲಿನ ಗೆರೆ ತಿರುಚಿಕೊಂಡಾಗ ನೋಡುವವರ ಬೆನ್ನು, ಭುಜದಲ್ಲಿ ಒಂದು ಸಣ್ಣ ಸೆಳೆತ ಆಗಬೇಕು. ಮೆದುಳಿನ ಹಳೆಯ, ಮಾತು ಹುಟ್ಟುವ ಮುಂಚಿನ ಭಾಗದಿಂದ ಕಲೆ ಬರುತ್ತದೆ ಎಂದು ಅವರು ನಂಬಿದ್ದರು. ವಿಜ್ಞಾನವಾಗಿ ಇದನ್ನು ಒಪ್ಪಬೇಕಿಲ್ಲ. ಆದರೆ ಚಿತ್ರ ನೋಡಲು ಇದು ಒಳ್ಳೆಯ ದಾರಿ.

ಯಾವ ಚಿತ್ರದಿಂದ ಶುರು ಮಾಡಲಿ?

'ಎ ಕಲರ್ ಬಾಕ್ಸ್' ಮೊದಲು. ಆಮೇಲೆ 'ಟ್ರೇಡ್ ಟಾಟೂ', ಅದರ ನಂತರ 'ಫ್ರೀ ರ‍್ಯಾಡಿಕಲ್ಸ್'. 'ಟುಸಲಾವ' ಕೊನೆಗೆ ಇರಲಿ, ಅದು ನಿಧಾನದ ಚಿತ್ರ. ಸಾಧ್ಯವಾದರೆ ಮೊಬೈಲ್ ಬೇಡ. ಕೋಣೆ ಕತ್ತಲು ಮಾಡಿ, ಗೋಡೆ ತುಂಬ ಪ್ರೊಜೆಕ್ಟ್ ಮಾಡಿ, ಸೌಂಡು ಜಾಸ್ತಿ ಇಟ್ಟು ನೋಡಿ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಹೊರತಂದ ಜಿಪಿಒ ಫಿಲ್ಮ್ ಯೂನಿಟ್ ಡಿವಿಡಿಗಳಲ್ಲಿ ಅಂಚೆ ಇಲಾಖೆಯ ಚಿತ್ರಗಳು ಒಳ್ಳೆಯ ಗುಣಮಟ್ಟದಲ್ಲಿ ಇವೆ.

'ಫ್ರೀ ರ‍್ಯಾಡಿಕಲ್ಸ್' ಬಗ್ಗೆ ಯಾಕೆ ಅಷ್ಟೊಂದು ಮಾತು?

ಏಕೆಂದರೆ ಅದರಲ್ಲಿ ಬಣ್ಣವೂ ಇಲ್ಲ. ಕಪ್ಪು ಫಿಲ್ಮು, ಅದರ ಮೇಲೆ ಗೀರಿದ ಬಿಳಿ ಗೆರೆ, ಜೊತೆಗೆ ಡೋಲು. ಇನ್ನೇನೂ ಇಲ್ಲ.

1958ರ ಈ ಚಿತ್ರವನ್ನು ಲೈ 16 ಮಿಲಿಮೀಟರ್ ಫಿಲ್ಮಿನಲ್ಲಿ ಮಾಡಿದರು. ಅದರ ಫ್ರೇಮಿನ ಅಗಲ ಹತ್ತು ಮಿಲಿಮೀಟರ್ ಅಷ್ಟೆ. ಸೂಜಿ, ಗರಗಸದ ಅಲಗು, ದಂತವೈದ್ಯರ ಸಲಕರಣೆ, ಅಮೆರಿಕದ ಮೂಲನಿವಾಸಿಗಳ ಹಳೆಯ ಬಾಣದ ಮೊನೆ, ಹೀಗೆ ಚೂಪಾಗಿ ಸಿಕ್ಕಿದ್ದನ್ನೆಲ್ಲ ಬಳಸಿದರು. ಇಡೀ ಮೈ ಬಿಗಿ ಹಿಡಿದು, ಆ ಬಿಗಿಯನ್ನು ಕೈಬೆರಳಿಗೆ ಇಳಿಸಿ ಗೀರುತ್ತಿದ್ದರು. ಡೋಲಿನ ಧ್ವನಿ ಆಫ್ರಿಕಾದ ಬಾಗಿರ್ಮಿ ಜನರದ್ದು.

ನೋಡುವಾಗ ಗೆರೆಗಳು ಚಪ್ಪಟೆಯಾಗಿ ಕಾಣುವುದಿಲ್ಲ. ಆಳವಾದ ಕತ್ತಲಲ್ಲಿ ಯಾವುದೋ ತಂತಿ ತನ್ನ ಸುತ್ತ ತಾನೇ ತಿರುಗಿದ ಹಾಗೆ ಕಾಣುತ್ತದೆ. ನಡುನಡುವೆ ಪರದೆ ಪೂರ್ತಿ ಕಪ್ಪಾಗುತ್ತದೆ, ಬರೀ ಡೋಲು ಉಳಿಯುತ್ತದೆ. ಮುಂದಿನ ಗೆರೆಗಾಗಿ ಕಣ್ಣು ಕಾಯುತ್ತದೆ. ಆ ಕಾಯುವಿಕೆಯನ್ನು ಲೈ ಎಷ್ಟು ಚೆನ್ನಾಗಿ ಅಳೆದಿದ್ದಾರೆ ಎಂದರೆ, ಎಷ್ಟು ಸಲ ನೋಡಿದರೂ ಗೆರೆ ಬಂದಾಗ ನನಗೆ ಮೈ ಜುಂ ಎನ್ನುತ್ತದೆ.

ಬ್ರಸೆಲ್ಸ್‌ನಲ್ಲಿ 1958ರ ವಿಶ್ವ ಮೇಳದ ಜೊತೆ ನಡೆದ ಪ್ರಯೋಗಾತ್ಮಕ ಚಿತ್ರಗಳ ಸ್ಪರ್ಧೆಯಲ್ಲಿ ಇದಕ್ಕೆ ಎರಡನೇ ಬಹುಮಾನ ಬಂತು, 5,000 ಡಾಲರ್. ಆದರೂ ಮುಂದಿನ ಚಿತ್ರಕ್ಕೆ ಹಣ ಕೊಡುವವರು ಸಿಗಲಿಲ್ಲ. ಇನ್ನು ಸಿನಿಮಾ ಮಾಡುವುದಿಲ್ಲ, ಮುಷ್ಕರ ಹೂಡಿದ್ದೇನೆ ಎಂದು ಲೈ ಹೇಳಿದರು. 1979ರಲ್ಲಿ ಮತ್ತೆ ಕುಳಿತು ಇದೇ ಚಿತ್ರವನ್ನು ಸುಮಾರು ನಾಲ್ಕು ನಿಮಿಷಕ್ಕೆ ಬಿಗಿ ಮಾಡಿದರು. ಚೆನ್ನಾಗಿದ್ದ ಚಿತ್ರವನ್ನು ಇಪ್ಪತ್ತು ವರ್ಷ ಬಿಟ್ಟು ಇನ್ನೂ ಕತ್ತರಿಸಲು ಧೈರ್ಯ ಬೇಕು. 2008ರಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಇದು ಸೇರಿತು.

ಸಂಗೀತ ಅವರೇ ಮಾಡುತ್ತಿದ್ದರಾ?

ಇಲ್ಲ. ಹೆಚ್ಚಾಗಿ ಆಗಲೇ ರೆಕಾರ್ಡ್ ಆಗಿದ್ದ ಸಂಗೀತ ಬಳಸುತ್ತಿದ್ದರು. 'ಎ ಕಲರ್ ಬಾಕ್ಸ್'ನಲ್ಲಿ ಇರುವುದು ಡಾನ್ ಬರೆಟೊ ಅವರ ಕ್ಯೂಬನ್ ವಾದ್ಯವೃಂದ. ಸಂಗೀತವನ್ನು ಫಿಲ್ಮಿಗೆ ಹೊಂದಿಸುವ ಕೆಲಸದಲ್ಲಿ ಆಸ್ಟ್ರೇಲಿಯಾದ ಜಾಕ್ ಎಲಿಟ್ ಅವರ ಪಾತ್ರ ದೊಡ್ಡದು. ಲೈ ಬಗ್ಗೆ ಮಾತಾಡುವಾಗ ಅವರ ಹೆಸರನ್ನು ಮರೆಯುವುದು ಅನ್ಯಾಯ.

ಮಾವೊರಿ, ಸಮೋವಾ, ಆಫ್ರಿಕಾದ ಕಲೆಯನ್ನು ಹೀಗೆ ಎತ್ತಿಕೊಂಡದ್ದು ಸರಿಯೇ?

ಈ ಪ್ರಶ್ನೆ ಕೇಳಲೇಬೇಕು. ಲೈ ಯುವಕನಾಗಿದ್ದಾಗ ಮಾವೊರಿ (ನ್ಯೂಜಿಲೆಂಡ್‌ನ ಮೂಲನಿವಾಸಿಗಳು), ಆಸ್ಟ್ರೇಲಿಯಾದ ಮೂಲನಿವಾಸಿಗಳ ಮತ್ತು ಪೆಸಿಫಿಕ್ ದ್ವೀಪಗಳ ಕಲೆಯನ್ನು ಮ್ಯೂಸಿಯಮ್ಮುಗಳಲ್ಲಿ ಕೂತು ಬರೆದುಕೊಂಡರು. 'ಟುಸಲಾವ' ಹೆಸರೂ ಸಮೋವಾ ಭಾಷೆಯದು. ಸಮೋವಾದಲ್ಲಿ ಊರಿನವರ ಜೊತೆಯೇ ಬದುಕಿದರು. ಅಲ್ಲಿನ ನ್ಯೂಜಿಲೆಂಡ್ ವಸಾಹತು ಆಡಳಿತಕ್ಕೆ ಅದು ಹಿಡಿಸದೆ, ದ್ವೀಪ ಬಿಡಬೇಕಾಯಿತು. ಆ ಕಾಲದ ಬಿಳಿಯ ಕಲಾವಿದರಲ್ಲಿ ಇಷ್ಟು ಹತ್ತಿರ ಹೋದವರು ಕಡಿಮೆ. ಆ ಕಲೆ ಯೂರೋಪಿನ ಕಲೆಗೆ ಸಮ ಎಂದು ಅವರು ಮನಸಾರೆ ನಂಬಿದ್ದರು.

ಆದರೂ ಒಂದು ಕೊರತೆ ಉಳಿಯುತ್ತದೆ. 'ಫ್ರೀ ರ‍್ಯಾಡಿಕಲ್ಸ್'ನ ಅರ್ಧ ಶಕ್ತಿ ಆ ಡೋಲಿನದು. ಅದನ್ನು ಬಾರಿಸಿದವರನ್ನು ಒಂದು ಬುಡಕಟ್ಟಿನ ಹೆಸರಿನಲ್ಲಿ ಮಾತ್ರ ನಾವು ಗುರುತಿಸುತ್ತೇವೆ. ಲೈ ಮೇಲೆ ನನಗೆ ಎಷ್ಟೇ ಪ್ರೀತಿ ಇದ್ದರೂ ಇದು ಸರಿ ಎಂದು ಹೇಳಲಾರೆ. ಜೊತೆಗೆ, ಮಾತಿಗಿಂತ ಮುಂಚಿನ ಮನಸ್ಸನ್ನು ಈ ಜನರ ಕಲೆಯಲ್ಲಿ ಹುಡುಕುವುದು ಅವರನ್ನು ಹಿಂದಿನ ಕಾಲಕ್ಕೆ ತಳ್ಳಿದ ಹಾಗೂ ಆಗುತ್ತದೆ.

ಅವರ ಶಿಲ್ಪಗಳು ಹೇಗಿವೆ?

ಅವೂ ಚಲಿಸುತ್ತವೆ. 'ಫೌಂಟನ್' ಎಂದರೆ ತೆಳ್ಳನೆಯ ಉಕ್ಕಿನ ಸರಳುಗಳ ಗುಚ್ಛ, ಬುಡ ತಿರುಗಿದಾಗ ತುದಿಗಳು ತೂಗಿ ಹೊಳೆಯುತ್ತವೆ. 'ಬ್ಲೇಡ್'ನಲ್ಲಿ ನೆಟ್ಟಗೆ ನಿಂತ ಉಕ್ಕಿನ ಪಟ್ಟಿ ಅದುರುತ್ತಾ ಎದುರಿನ ಚೆಂಡಿಗೆ ಬಡಿಯುತ್ತದೆ. 'ಯೂನಿವರ್ಸ್' ದೊಡ್ಡ ಉಕ್ಕಿನ ಬಳೆ. ವಿದ್ಯುತ್ಕಾಂತಗಳು ಅದನ್ನು ಎಳೆದು ಬಿಡುತ್ತವೆ, ಅದು ಮೇಲಿನ ಚೆಂಡಿಗೆ ತಾಗಿ ಸದ್ದು ಮಾಡುತ್ತದೆ. 1961ರಲ್ಲಿ ನ್ಯೂಯಾರ್ಕಿನ ಆಧುನಿಕ ಕಲಾ ಮ್ಯೂಸಿಯಮ್ಮಿನಲ್ಲಿ ಇಂಥ ಚಲಿಸುವ ಶಿಲ್ಪಗಳನ್ನು ಒಂದು ಸಂಜೆಯ ಕಾರ್ಯಕ್ರಮವಾಗಿ ತೋರಿಸಿದರು.

ತೀರಿಕೊಂಡ ಮೇಲೆ ಕಟ್ಟಿದ ಶಿಲ್ಪಗಳನ್ನೂ ಅವರದೇ ಎನ್ನಬಹುದೇ?

ಲೈ ಬರೆದಿಟ್ಟ ಎಷ್ಟೋ ಯೋಜನೆಗಳು ಆ ಕಾಲದ ಎಂಜಿನಿಯರಿಂಗಿಗೆ, ಅವರ ಜೇಬಿಗೆ ಎಟುಕುವಂತಿರಲಿಲ್ಲ. ತಮ್ಮ ಕೆಲಸ 21ನೇ ಶತಮಾನಕ್ಕೆ ಎಂದೇ ಅವರು ಹೇಳುತ್ತಿದ್ದರು. 1977ರಲ್ಲಿ ನ್ಯೂಜಿಲೆಂಡ್‌ನ ನ್ಯೂ ಪ್ಲಿಮತ್ ಊರಿನ ಗೋವೆಟ್-ಬ್ರೂಸ್ಟರ್ ಗ್ಯಾಲರಿಯಲ್ಲಿ ಅವರ ಪ್ರದರ್ಶನ ನಡೆಯಿತು. ಊರಿನ ಎಂಜಿನಿಯರ್ ಜಾನ್ ಮ್ಯಾಥ್ಯೂಸ್ ಜೊತೆ ಸ್ನೇಹ ಬೆಳೆಯಿತು. ಕೊನೆಗೆ ಲೈ ತಮ್ಮ ಸಂಗ್ರಹವನ್ನೆಲ್ಲ ಆ ಊರಿಗೆ ಹೋಗುವಂತೆ ಮಾಡಿದರು. ಅಲ್ಲಿನ ಕಡಲತೀರದಲ್ಲಿ ಈಗ 'ವಿಂಡ್ ವಾಂಡ್' ನಿಂತಿದೆ. ಸುಮಾರು 45 ಮೀಟರ್ ಎತ್ತರದ ಕೆಂಪು ಕೋಲು, ಗಾಳಿಗೆ ಬಾಗಿ ತೂಗುತ್ತದೆ. 2015ರಲ್ಲಿ ಹೊಳೆಯುವ ಉಕ್ಕಿನ ಗೋಡೆಯ ಲೆನ್ ಲೈ ಸೆಂಟರ್ ತೆರೆಯಿತು.

ಸಂಗೀತಗಾರ ಬರೆದಿಟ್ಟ ಸ್ವರಲಿಪಿಯನ್ನು ಬೇರೆಯವರು ನುಡಿಸಿದರೆ ಅದು ಆತನದೇ ಅಲ್ವಾ, ಎನ್ನುತ್ತಾರೆ ಕೆಲವರು. ನಾನು ಪೂರ್ತಿ ಒಪ್ಪುವುದಿಲ್ಲ. ಫಿಲ್ಮಿನಲ್ಲಿ ಅವರ ಕೈಯ ನಡುಕವೇ ಚಿತ್ರ. ದೊಡ್ಡ ಶಿಲ್ಪಗಳಲ್ಲಿ ಆ ಕೈ ಇಲ್ಲ. ಆದರೂ ಅವು ನಿಂತಿರುವುದು ಒಳ್ಳೆಯದೇ.

ಭಾರತದಲ್ಲಿ ಇಂಥ ಕೆಲಸ ನಡೆದಿದೆಯೇ?

ನಡೆದಿದೆ, ನಾವು ನೋಡಿರುವುದು ಕಡಿಮೆ. ಫಿಲ್ಮ್ಸ್ ಡಿವಿಷನ್ನಿನಲ್ಲಿದ್ದ ಪ್ರಮೋದ್ ಪತಿ 1968ರಲ್ಲಿ 'ಎಕ್ಸ್‌ಪ್ಲೋರರ್', ಆಮೇಲೆ 'ಆಬಿದ್' ಮಾಡಿದರು. ಸರ್ಕಾರದ ದುಡ್ಡಿನಲ್ಲೇ ಎಷ್ಟು ಧೈರ್ಯ ಮಾಡಬಹುದು ಎಂಬುದಕ್ಕೆ ಇವು ನಮ್ಮ ಸಾಕ್ಷಿ. ಎಂ.ಎಫ್. ಹುಸೇನ್ ಅವರ 1967ರ ಕಿರುಚಿತ್ರಕ್ಕೆ ಬರ್ಲಿನ್‌ನಲ್ಲಿ ಬಹುಮಾನ ಬಂತು. ಚಿತ್ರಕಾರ ಅಕ್ಬರ್ ಪದಮ್‌ಸಿ ಗೆರೆಗಳಷ್ಟೇ ಬೆಳೆಯುವ 'ಸಿಜಿಜಿ' ಮಾಡಿದರು. ಅವರ ಇನ್ನೊಂದು ಚಿತ್ರದ ಇದ್ದ ಒಂದೇ ಪ್ರಿಂಟು ಕಳೆದುಹೋಯಿತು.

ಮಕ್ಕಳಿಗೆ ತೋರಿಸಬಹುದೇ?

ಖಂಡಿತ, ಮಕ್ಕಳೇ ಇದನ್ನು ಚೆನ್ನಾಗಿ ನೋಡುತ್ತಾರೆ. ಒಂದು ಎಚ್ಚರಿಕೆ: ಬೆಳಕು ಪಟಪಟನೆ ಮಿನುಗುತ್ತದೆ. ಮೂರ್ಛೆರೋಗ ಇರುವವರಿಗೆ ಬೇಡ.

ನಾನೂ ಮಾಡಿ ನೋಡಬಹುದೇ?

ಮಾಡಿ. ಮೊದಲು ಹಳೆಯ ಫಿಲ್ಮು ಬೇಕು. ಮುಚ್ಚಿದ ಟಾಕೀಸು, ಹಳೆ ಪ್ರೊಜೆಕ್ಟರ್ ಆಪರೇಟರ್‌ಗಳು, ಗುಜರಿ ಅಂಗಡಿಗಳಲ್ಲಿ ವಿಚಾರಿಸಿ. ಸಿಕ್ಕಿದ ಕೂಡಲೇ ಗೀರಲು ಹೋಗಬೇಡಿ. ಯಾವ ಸಿನಿಮಾ ಎಂದು ನೋಡಿ. 1934ರ ಮೊದಲ ಕನ್ನಡ ಟಾಕಿ 'ಸತಿ ಸುಲೋಚನ'ದ ಪ್ರಿಂಟ್ ಇವತ್ತು ನಮ್ಮ ಬಳಿ ಇಲ್ಲ. ನಿಮ್ಮ ಕೈಯಲ್ಲಿರುವುದು ಯಾವುದೋ ಚಿತ್ರದ ಕೊನೆಯ ಪ್ರಿಂಟ್ ಆಗಿರಬಹುದು. ಅನುಮಾನ ಇದ್ದರೆ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ತಿಳಿಸಿ. 1950ರ ದಶಕಕ್ಕಿಂತ ಹಳೆಯದಾದರೆ ಅದು ನೈಟ್ರೇಟ್ ಫಿಲ್ಮ್ ಆಗಿರಬಹುದು, ಬೇಗ ಬೆಂಕಿ ಹತ್ತುತ್ತದೆ. ಅದನ್ನು ಮನೆಯಲ್ಲಿ ಇಡಬೇಡಿ. ನಿಮಗೆ ಬೇಕಾದದ್ದು ಹಳೆ ಜಾಹೀರಾತು, ಟ್ರೇಲರ್, ರೀಲಿನ ತುದಿಯ ಖಾಲಿ ಫಿಲ್ಮ್, ಅಷ್ಟೆ.

ಫಿಲ್ಮಿನ ಎರಡು ಬದಿಗಳಲ್ಲಿ ಹೊಳಪು ಕಡಿಮೆ ಇರುವ ಬದಿ ಹುಡುಕಿ. ಚಿತ್ರ ಇರುವುದು ಅಲ್ಲಿ, ಗೀರಬೇಕಾದದ್ದೂ ಅಲ್ಲೇ. ಬಣ್ಣದ ಪ್ರಿಂಟಿನ ಕಪ್ಪು ಭಾಗವನ್ನು ಮೆಲ್ಲಗೆ ಕೆರೆದರೆ ಮೊದಲು ಹಸಿರು ಬರುತ್ತದೆ. ಇನ್ನೂ ಒತ್ತಿದರೆ ಹಳದಿ, ಪೂರ್ತಿ ಕೆರೆದರೆ ಬಿಳಿ. ಒಂದೇ ಸೂಜಿಯಿಂದ ಮೂರು ಬಣ್ಣ! ಖಾಲಿ ಪಟ್ಟಿ ಬೇಕಿದ್ದರೆ ಬಟ್ಟೆಯ ಬ್ಲೀಚ್ ನೀರಿನಲ್ಲಿ ಅದ್ದಿ ಒರೆಸಿ. ಕೈಗೆ ಗ್ಲೌಸ್ ಇರಲಿ, ಕಿಟಕಿ ತೆರೆದಿರಲಿ. ಒಣಗಿದ ಮೇಲೆ ಪರ್ಮನೆಂಟ್ ಮಾರ್ಕರ್‌ನಿಂದ ಬರೆಯಿರಿ.

ಮೊದಲ ಸಲ ಎಲ್ಲರೂ ಒಂದೊಂದು ಫ್ರೇಮಿಗೂ ಹೊಸ ಚಿತ್ರ ಬರೆಯುತ್ತಾರೆ. ಪರದೆಯ ಮೇಲೆ ಅದು ಬರೀ ಮಿಣಮಿಣ ಎನ್ನುತ್ತದೆ, ಏನೂ ಹಿಡಿಯುವುದಿಲ್ಲ. ಒಂದು ಆಕಾರವನ್ನು ಕನಿಷ್ಠ 12 ಫ್ರೇಮು ಉಳಿಸಿಕೊಳ್ಳಿ, ಪ್ರತಿ ಫ್ರೇಮಿಗೆ ಸ್ವಲ್ಪವೇ ಸರಿಸಿ. ಆಗ ಅರ್ಧ ಸೆಕೆಂಡಿನ ಒಂದು ಓಟ ಸಿಗುತ್ತದೆ. ನಡುವೆ ಪೂರ್ತಿ ಕಪ್ಪು ಜಾಗ ಬಿಡುವುದನ್ನೂ ಕಲಿಯಿರಿ.

ಪ್ರೊಜೆಕ್ಟರ್ ಸಿಗದಿದ್ದರೆ ಚಿಂತೆ ಇಲ್ಲ. ಎಲ್‌ಇಡಿ ಬೆಳಕಿನ ಹಲಗೆಯ ಮೇಲೆ ಫಿಲ್ಮ್ ಇಟ್ಟು, ಸ್ಟ್ಯಾಂಡಿಗೆ ಹಾಕಿದ ಮೊಬೈಲಿನಿಂದ ಒಂದೊಂದು ಫ್ರೇಮಿನ ಫೋಟೊ ತೆಗೆದು, ಎಡಿಟಿಂಗ್ ಆ್ಯಪ್‌ನಲ್ಲಿ ಸೆಕೆಂಡಿಗೆ 24ರಂತೆ ಜೋಡಿಸಬಹುದು. ಹತ್ತು ಸೆಕೆಂಡಿಗೆ 240 ಫೋಟೊ ಬೇಕು. ಒಬ್ಬರೇ ಮಾಡಿದರೆ ಸುಸ್ತಾಗುತ್ತದೆ, ಇಬ್ಬರು ಮೂವರು ಸೇರಿ ಕುಳಿತುಕೊಳ್ಳಿ.